ಬರೆಯುವ ಮೊದಲು ಗೆರೆ ತಿಳಿದಿರಲಿ

ಚಿ. ಮೇಘನಾಗೆ ನಿನ್ನ ಸೋದರಮಾವನ ಆಶೀರ್ವಾದಗಳು.

ಸೇನೆ, ಗಡಿ, ರಕ್ಷಣಾ ಖರೀದಿಯ ಬಗ್ಗೆ ವರದಿ ಬರೆಯಬೇಕೆಂದಿದ್ದೀಯ. ಖಂಡಿತ ಬರೆ. ಹೆದರಿಕೊಂಡು ಕೈಬಿಡಬೇಡ, ಆದರೆ ಕಾನೂನಿನ ಗೆರೆ ಎಲ್ಲಿದೆ ಎಂಬುದನ್ನು ಮೊದಲೇ ಗಟ್ಟಿ ಮಾಡಿಕೋ.

ಸಂವಿಧಾನದ 19(1)(ಎ) ಮಾತಿನ ಹಕ್ಕು ಕೊಡುತ್ತದೆ, 19(2) ಅದಕ್ಕೆ ನಿರ್ಬಂಧ ಹಾಕಲು ಬಿಡುತ್ತದೆ. ನಿರ್ಬಂಧ ಕಾನೂನಿನ ಮೂಲಕವೇ ಬರಬೇಕು, ಸಮಂಜಸವಾಗಿರಬೇಕು, ಅಲ್ಲಿ ಹೇಳಿದ ಕಾರಣಗಳಲ್ಲಿ ಒಂದಕ್ಕೆ ಸೇರಬೇಕು. ದೇಶದ ಭದ್ರತೆ ಆ ಪಟ್ಟಿಯಲ್ಲಿದೆ. ಸರ್ಕಾರದ ಮುಜುಗರ ಇಲ್ಲ. ಸುಪ್ರೀಂ ಕೋರ್ಟಿನ ಶ್ರೇಯಾ ಸಿಂಘಾಲ್ ತೀರ್ಪು (2015) ಚರ್ಚೆ, ಪ್ರತಿಪಾದನೆ, ಪ್ರಚೋದನೆ ಎಂದು ಮೂರನ್ನು ಬೇರೆ ಮಾಡಿತು. ಮಾತು ಪ್ರಚೋದನೆಯ ಮಟ್ಟ ಮುಟ್ಟಿದಾಗ ಮಾತ್ರ ಅದನ್ನು ತಡೆಯುವ ಪ್ರಶ್ನೆ ಏಳುತ್ತದೆ.

ಹಳೆಯ ರಾಜದ್ರೋಹದ 124ಎ ಕಲಮನ್ನು ಸುಪ್ರೀಂ ಕೋರ್ಟ್ 2022ರ ಮೇ ತಿಂಗಳಲ್ಲಿ ತಡೆಹಿಡಿಯಿತು. ಆ ಪ್ರಕರಣದ ಅರ್ಜಿದಾರರಲ್ಲಿ ಮೈಸೂರಿನ ನಿವೃತ್ತ ಮೇಜರ್ ಜನರಲ್ ಎಸ್.ಜಿ. ಒಂಬತ್ಕೆರೆ ಒಬ್ಬರು. ಈಗ ಹಳೆಯ ದಂಡ ಸಂಹಿತೆಯ ಜಾಗಕ್ಕೆ ಬಂದಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ, ದೇಶದ ಏಕತೆಗೆ ಧಕ್ಕೆ ತರುವುದನ್ನು ಶಿಕ್ಷಿಸುವ 152ನೇ ಕಲಂ 2024ರ ಜುಲೈ 1ರಿಂದ ಜಾರಿಯಲ್ಲಿದೆ. ಶಿಕ್ಷೆ ಜೀವಾವಧಿಯವರೆಗೂ ಹೋಗಬಹುದು. ಅದರಲ್ಲಿನ 'ಪ್ರತ್ಯೇಕತಾವಾದಿ ಭಾವನೆಗೆ ಉತ್ತೇಜನ' ಎಂಬ ಮಾತು ತೀರಾ ಸಡಿಲವಾಗಿದೆ, ಯಾರನ್ನು ಬೇಕಾದರೂ ಸಿಕ್ಕಿಸಬಹುದು ಎಂಬುದೇ ನನ್ನ ಆತಂಕ. ಆದ್ದರಿಂದ ಟೀಕಿಸುವಾಗ ಯಾವ ನಿರ್ಧಾರ, ಯಾವ ಆದೇಶ, ಏನು ಬದಲಾಗಬೇಕು ಎಂದು ಬಿಡಿಸಿ ಬರೆ. ಕಾನೂನುಬದ್ಧ ಬದಲಾವಣೆ ಬಯಸುವ ಟೀಕೆ ಅಪರಾಧವಲ್ಲವೆಂದು ಅದೇ ಕಲಮಿನ ವಿವರಣೆ ಹೇಳುತ್ತದೆ.

ಒಂದು ವಿಷಯದಲ್ಲಿ ಮಾತ್ರ ನಾನು ಪೂರ್ತಿ ಸರ್ಕಾರದ ಪರ. ಕಾರ್ಯಾಚರಣೆ ನಡೆಯುತ್ತಿರುವಾಗ ಯೋಧರ ಜಾಗ, ಚಲನವಲನ ಹಾಕಬೇಡ. ಮುಂಬೈ ದಾಳಿಯ ನೇರಪ್ರಸಾರ ಯೋಧರ ಜೀವಕ್ಕೇ ಅಪಾಯ ತಂದಿತ್ತೆಂದು 2012ರ ಕಸಬ್ ತೀರ್ಪು ಚಾನೆಲ್‌ಗಳನ್ನು ಕಟುವಾಗಿ ಟೀಕಿಸಿತು. ಫೋಟೊ ಹಾಕುವ ಮುನ್ನ ಅದರಲ್ಲಿ ಅಡಗಿರುವ ಲೊಕೇಶನ್ ಮಾಹಿತಿಯನ್ನೂ ಅಳಿಸು.

ಯಾರಾದರೂ 'ರಹಸ್ಯ' ಮುದ್ರೆಯ ಕಡತ ಕಳಿಸಿದರೆ, ಪ್ರಕಟಿಸುವುದಿರಲಿ, ಇಟ್ಟುಕೊಳ್ಳುವ ಮೊದಲೇ ವಕೀಲರನ್ನು ಕೇಳು. 1923ರ ಅಧಿಕೃತ ರಹಸ್ಯಗಳ ಕಾಯ್ದೆಯಡಿ ತಿಳಿದೂ ಪಡೆಯುವುದೇ ಅಪರಾಧ. ಖರೀದಿಯ ಸುದ್ದಿಗೆ ಸರ್ಕಾರದ ಲೆಕ್ಕ ಪರಿಶೋಧಿಸುವ ಸಿಎಜಿಯ ವರದಿ, ಸಂಸತ್ತಿನ ಉತ್ತರ, ರಕ್ಷಣಾ ಸ್ಥಾಯಿ ಸಮಿತಿಯ ವರದಿಗಳಲ್ಲೇ ಎಷ್ಟೋ ಸಿಗುತ್ತದೆ. ಮಾಹಿತಿ ಹಕ್ಕಿನ ಅರ್ಜಿಯಲ್ಲಿ ಆ ಕಾಯ್ದೆಯ 8(2)ನೇ ಕಲಂ ಉಲ್ಲೇಖಿಸು. ಬಹಿರಂಗದಿಂದಾಗುವ ಹಾನಿಗಿಂತ ಸಾರ್ವಜನಿಕ ಹಿತ ಹೆಚ್ಚೆನಿಸಿದರೆ ರಹಸ್ಯ ಕಾಯ್ದೆ ಅಡ್ಡಬರುವುದಿಲ್ಲ.

ಬರಿದೇ 'ರಾಷ್ಟ್ರೀಯ ಭದ್ರತೆ' ಎಂದು ಬಾಯಿ ಮುಚ್ಚಿಸಿದರೆ ಒಪ್ಪಬೇಡ. ಆಧಾರವಿಲ್ಲದೆ ಆ ನೆಪ ಹೂಡುವಂತಿಲ್ಲವೆಂದು ಮಲಯಾಳಂ ಸುದ್ದಿವಾಹಿನಿ ಮೀಡಿಯಾಒನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ 2023ರ ತೀರ್ಪು ಹೇಳಿದೆ. ಪೊಲೀಸರು ಫೋನ್ ವಶಕ್ಕೆ ತೆಗೆದುಕೊಂಡರೆ, ತನಿಖೆಯ ವಿಧಾನ ಹೇಳುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 105ನೇ ಕಲಮಿನಂತೆ ವಿಡಿಯೊ ಚಿತ್ರೀಕರಣ ಆಗುತ್ತಿದೆಯೇ ನೋಡು, ಜಪ್ತಿ ಪಟ್ಟಿಯ ಪ್ರತಿ ಕೇಳಿ ಪಡೆ. ವಕೀಲರ ನಂಬರನ್ನು ಕಾಗದದ ಮೇಲೂ ಬರೆದಿಟ್ಟುಕೋ.

ಇಂತಿ ನಿನ್ನ ಮಾವ