ಲೈವ್ ತರಗತಿಗೆ ಹಣ ಕಟ್ಟುವ ಮುನ್ನ

ಸಂಪಾದಕರಿಗೆ,

ಮಾನ್ಯರೇ,

ಎಸ್ಸೆಸ್ಸೆಲ್ಸಿ ಫಲಿತಾಂಶ ಬರುವುದೇ ತಡ, ಆನ್‌ಲೈನ್ ಕೋಚಿಂಗ್ ಕಂಪನಿಗಳ ಕರೆಗಳು ಕೊಡಗಿನ ಪೋಷಕರನ್ನೂ ಬಿಡುವುದಿಲ್ಲ. ಡೆಮೊ ಉಚಿತ, ಎರಡು ವರ್ಷದ ನೀಟ್ ತರಬೇತಿ ಮನೆಯಲ್ಲೇ, ಈಗ ಮೊದಲ ಕಂತು ಕಟ್ಟಿದರೆ ಸಾಕು ಎಂಬ ಮಾತು ಎಲ್ಲರ ಬಾಯಲ್ಲೂ ಒಂದೇ. ಡೆಮೊ ನಡೆಯುವುದು ಮೇ ತಿಂಗಳಲ್ಲಿ. ಆಗ ಕರೆಂಟ್ ಇರುತ್ತದೆ, ನೆಟ್‌ವರ್ಕ್ ಪರವಾಗಿಲ್ಲ. ನಿಜವಾದ ತರಗತಿ ಶುರುವಾಗುವುದು ಜೂನ್‌ನಲ್ಲಿ, ಅಂದರೆ ಮಳೆಯ ಜೊತೆಗೇ. ಮೇ ತಿಂಗಳ ಡೆಮೊ ನೋಡಿ ಜುಲೈ ತಿಂಗಳ ತರಗತಿ ಕೊಳ್ಳುವುದೇ ನಮ್ಮ ಜಿಲ್ಲೆಯಲ್ಲಿ ಈ ವ್ಯಾಪಾರದ ಮೊದಲ ಎಡವಟ್ಟು.

ಈ ಉದ್ಯಮ ಇಂದು ಎಲ್ಲಿದೆ ಎಂಬುದನ್ನು ಮೊದಲು ನೋಡಬೇಕು. 2020ರ ಲಾಕ್‌ಡೌನ್‌ನಲ್ಲಿ ಶಾಲೆಗಳು ಮುಚ್ಚಿದಾಗ ಹೂಡಿಕೆದಾರರ ಹಣ ಇತ್ತ ಹರಿಯಿತು. ಬೆಂಗಳೂರಿನ ಬೈಜೂಸ್ 2021ರಲ್ಲಿ ಆಕಾಶ್ ಕೋಚಿಂಗ್ ಸಂಸ್ಥೆಯನ್ನೇ ಕೊಂಡಿತು. 2022ರಲ್ಲಿ ಅದರ ಮೌಲ್ಯ 2,200 ಕೋಟಿ ಡಾಲರ್ ಎನ್ನಲಾಗಿತ್ತು. 2024ರ ಜುಲೈನಲ್ಲಿ ಅದೇ ಕಂಪನಿಯ ವಿರುದ್ಧದ ದಿವಾಳಿ ಅರ್ಜಿಯನ್ನು ಬೆಂಗಳೂರಿನ ಕಂಪನಿ ಕಾನೂನು ನ್ಯಾಯಮಂಡಳಿ ಅಂಗೀಕರಿಸಿತು. ಉಳಿದವರು ಪಾಠ ಕಲಿತಿದ್ದಾರೆ. ಯೂಟ್ಯೂಬ್ ಪಾಠಗಳಿಂದ ಬೆಳೆದ ಫಿಸಿಕ್ಸ್‌ವಾಲಾ 2025ರ ನವೆಂಬರ್‌ನಲ್ಲಿ ಷೇರುಪೇಟೆಗೆ ಬಂದಿತು. ಅದರ ಜೊತೆಗೇ ಊರೂರಿನಲ್ಲಿ ಕಟ್ಟಡ ಹಿಡಿದು ಕೋಚಿಂಗ್ ಕೇಂದ್ರಗಳನ್ನೂ ನಡೆಸುತ್ತಿದೆ. ಅನ್‌ಅಕಾಡೆಮಿಯೂ ಕೇಂದ್ರಗಳನ್ನು ತೆರೆದದ್ದುಂಟು. ಬರೀ ಪರದೆಯ ಮೇಲೆ ಎರಡು ವರ್ಷ ಮಗುವನ್ನು ಹಿಡಿದು ಕೂರಿಸುವುದು ಕಷ್ಟವೆಂದು ಕಂಪನಿಗಳೇ ಒಪ್ಪಿಕೊಂಡಂತೆ. ಆದರೆ ಆ ಕೇಂದ್ರಗಳು ಬರುವುದು ಮೈಸೂರು, ಬೆಂಗಳೂರಿನಂಥ ಕಡೆಗೆ. ಕೊಡಗಿಗೆ ಉಳಿಯುವುದು ಹಳೆಯ ಸರಕು: ವರ್ಷಗಟ್ಟಲೆ ಚಂದಾದ ಲೈವ್ ತರಗತಿ. ನಮ್ಮ ಗುಡ್ಡಗಾಡಿಗೆ ಅತಿ ಕಡಿಮೆ ಹೊಂದುವುದು ಅದೇ.

ಯಾಕೆ ಹೊಂದುವುದಿಲ್ಲ? "ಮಳೆ ಬಂದರೆ ನೆಟ್ ಹೋಗುತ್ತದೆ" ಎಂದು ಎಲ್ಲರೂ ಹೇಳುತ್ತಾರೆ. ಮೊಬೈಲ್ ಬಳಸುವ ತರಂಗಾಂತರಗಳು ಮಳೆ ಹನಿಗೆ ಅಷ್ಟಾಗಿ ಕುಗ್ಗುವುದಿಲ್ಲ. ಕಾರಣಗಳು ಬೇರೆ. ಮರ ಬಿದ್ದು ಸೆಸ್ಕ್ ವಿದ್ಯುತ್ ಲೈನ್ ತುಂಡಾದರೆ ಟವರ್ ಬ್ಯಾಟರಿಯ ಮೇಲೆ ಓಡುತ್ತದೆ. ಕೆಲವು ಗಂಟೆಗಳಲ್ಲಿ ಬ್ಯಾಟರಿ ಮುಗಿದು, ಜನರೇಟರ್‌ಗೆ ಡೀಸೆಲ್ ಬರದಿದ್ದರೆ ಟವರ್ ಸತ್ತಂತೆ. ಒಂದು ಗುಡ್ಡದಿಂದ ಇನ್ನೊಂದಕ್ಕೆ ಮೈಕ್ರೋವೇವ್ ತಟ್ಟೆಯ ಮೂಲಕ ಸಂಪರ್ಕ ಪಡೆಯುವ ಟವರ್‌ಗಳಿಗೆ ಮಾತ್ರ ಜಡಿಮಳೆ ನೇರವಾಗಿ ಹೊಡೆಯುತ್ತದೆ, ಏಕೆಂದರೆ ಆ ತರಂಗಾಂತರ ಮೊಬೈಲ್‌ಗಿಂತ ಬಹಳ ಮೇಲಿನದು. ಫೋನಿನಲ್ಲಿ ಕಡ್ಡಿ ಪೂರ್ತಿ ಇದ್ದೂ ಪಾಠ ತೆರೆಯದಿದ್ದರೆ ಹೆಚ್ಚಾಗಿ ತೊಂದರೆ ಅಲ್ಲಿರುತ್ತದೆ. ಫೈಬರ್ ಮನೆಗಳ ಕಥೆ ಇನ್ನೊಂದು. ತೋಟದ ಸಿಲ್ವರ್ ಓಕ್ ಕೊಂಬೆ ಕೇಬಲ್ ಮೇಲೆ ಬಿದ್ದರೆ ಜೋಡಿಸುವವರು ಬರುವವರೆಗೆ ಕಾಯಬೇಕು.

ರೆಕಾರ್ಡ್ ಮಾಡಿದ ಪಾಠವಾದರೆ ನೆಟ್ ಇದ್ದಾಗ ಮುಂದಿನ ಭಾಗವನ್ನು ತುಂಬಿಸಿಟ್ಟುಕೊಳ್ಳುತ್ತದೆ. ಲೈವ್‌ನಲ್ಲಿ ಮುಂದಿನ ಭಾಗವೇ ಇನ್ನೂ ಹುಟ್ಟಿರುವುದಿಲ್ಲ. ಕೆಲವು ಸೆಕೆಂಡು ತಪ್ಪಿದರೂ ಮೇಷ್ಟ್ರ ಮಾತು ತುಂಡಾಗುತ್ತದೆ, ಮೂರು ನಿಮಿಷ ತಪ್ಪಿದರೆ ಲೆಕ್ಕದ ಎಳೆಯೇ ಕೈತಪ್ಪುತ್ತದೆ. ಡೇಟಾ ಲೆಕ್ಕವನ್ನೂ ಹಾಕಿ ನೋಡಿ. ಸೆಕೆಂಡಿಗೆ 1.5 ಮೆಗಾಬಿಟ್ ಬೇಡುವ ಲೈವ್ ತರಗತಿ ಗಂಟೆಗೆ ಸುಮಾರು 675 ಎಂಬಿ ನುಂಗುತ್ತದೆ. ದಿನಕ್ಕೆ 1.5 ಜಿಬಿ ಪ್ಯಾಕ್‌ನಲ್ಲಿ ಎರಡು ಗಂಟೆ ಪಾಠವಾದರೆ ಉಳಿಯುವುದು ಅತ್ಯಲ್ಪ. ಮೂರನೆಯ ವಿಷಯ ಶುರುವಾಗುವ ಹೊತ್ತಿಗೆ ಪ್ಯಾಕ್ ಮುಗಿದು ವೇಗ ಬಿದ್ದುಹೋಗಿರುತ್ತದೆ. ಅದೇ ಪಾಠವನ್ನು 480ಪಿ ಎಂಬ ಮಧ್ಯಮ ಗುಣಮಟ್ಟದ ಚಿತ್ರದಲ್ಲಿ ಇಳಿಸಿಕೊಂಡರೆ ಗಂಟೆಗೆ ಹೆಚ್ಚೆಂದರೆ 450 ಎಂಬಿ, 240ಪಿಯಲ್ಲಿ ಅದರ ಮೂರನೇ ಒಂದು ಪಾಲು. ಬೋರ್ಡಿನ ಮೇಲಿನ ಅಕ್ಷರ ಓದಲು 480ಪಿ ಬೇಕು. ಬರೀ ವಿವರಣೆಯ ಇತಿಹಾಸ, ಅರ್ಥಶಾಸ್ತ್ರದ ಪಾಠಕ್ಕೆ 240ಪಿ ಸಾಕು.

ಹಣ ಕಟ್ಟುವ ಮುನ್ನ ಮಗು ಓದಲು ಕೂರುವ ಜಾಗದಲ್ಲೇ ಫೋನ್ ಇಟ್ಟು ಅಳೆಯಿರಿ. ಜಗಲಿಯಲ್ಲಿ ನೆಟ್ ಸಿಕ್ಕರೆ ಒಳಕೋಣೆಯಲ್ಲೂ ಸಿಗುತ್ತದೆಂದಿಲ್ಲ. ಆಂಡ್ರಾಯ್ಡ್ ಫೋನಿನ ಸೆಟ್ಟಿಂಗ್ಸ್‌ನಲ್ಲಿ ಅಬೌಟ್ ಫೋನ್, ಅದರೊಳಗೆ ಸಿಮ್ ಸ್ಟೇಟಸ್ ತೆರೆದರೆ ಸಿಗ್ನಲ್ ಬಲ ಡಿಬಿಎಂ ಎಂಬ ಮೈನಸ್ ಸಂಖ್ಯೆಯಲ್ಲಿ ಕಾಣುತ್ತದೆ. ಮೈನಸ್ 95ರ ಆಸುಪಾಸು ಇದ್ದರೆ ಲೈವ್ ನಡೆದೀತು. ಮೈನಸ್ 110 ದಾಟಿದರೆ ಲೈವ್ ಆಸೆ ಬಿಡಿ. ಮೈನಸ್ 120ರಲ್ಲಿ ಕರೆಯೂ ಕಡಿದುಹೋಗುತ್ತದೆ. ಬೆಳಿಗ್ಗೆ ಅಳೆದರೆ ಸಾಲದು. ರಾತ್ರಿ ಏಳರಿಂದ ಒಂಬತ್ತರವರೆಗೆ ಒಂದೇ ಟವರ್ ಮೇಲೆ ಊರೆಲ್ಲ ಬೀಳುವ ಹೊತ್ತಿನಲ್ಲಿ, ಪಾಠದ ವೇಳೆಗೇ, ವೇಗವನ್ನೂ ನೋಡಬೇಕು.

ಫೈಬರ್ ಇರುವವರು ರೂಟರ್‌ಗೊಂದು ಮಿನಿ ಯುಪಿಎಸ್ ಹಾಕಿಕೊಳ್ಳುವುದು ಒಳ್ಳೆಯದು. ಪೆಟ್ಟಿಗೆಯ ಮೇಲೆ 8800 ಎಂಎಎಚ್ ಎಂದು ದೊಡ್ಡದಾಗಿ ಬರೆದಿರುತ್ತಾರೆ. ಅದು 3.7 ವೋಲ್ಟ್ ಸೆಲ್ಲಿನ ಲೆಕ್ಕ, ಅಂದರೆ ಸುಮಾರು 32 ವಾಟ್-ಅವರ್. ರೂಟರ್ 10 ವಾಟ್ ಎಳೆದರೆ, ನಷ್ಟ ಕಳೆದು ಎರಡೂವರೆ ಗಂಟೆ ಬಂದರೆ ಹೆಚ್ಚು. ಕೊಳ್ಳುವಾಗ ಅಡಾಪ್ಟರ್ ಮೇಲಿನ ವೋಲ್ಟ್ ಹೊಂದಬೇಕು, ಹೆಚ್ಚಿನವು 12 ವೋಲ್ಟ್. ಆಂಪಿಯರ್ ಅಡಾಪ್ಟರ್‌ನಷ್ಟೇ ಅಥವಾ ಹೆಚ್ಚಿರಬೇಕು, ಪಿನ್ನಿನ ಗಾತ್ರವೂ ಕೂಡಬೇಕು. ಫೈಬರ್ ಡಬ್ಬ ಬೇರೆ, ವೈಫೈ ರೂಟರ್ ಬೇರೆ ಇದ್ದರೆ ಎರಡಕ್ಕೂ ಬ್ಯಾಕಪ್ ಬೇಕು. ಒಂದಕ್ಕೆ ಮಾತ್ರ ಕೊಟ್ಟು ನೆಟ್ ಬರಲಿಲ್ಲ ಎಂದು ದೂರುವವರಿದ್ದಾರೆ. ಏಪ್ರಿಲ್‌ನ ಹೂಮಳೆಯ ಸಿಡಿಲಿಗೆ ರೂಟರ್ ಸುಡುವುದು ಫೈಬರ್ ಎಳೆಯಿಂದಲ್ಲ, ಕರೆಂಟ್ ಅಡಾಪ್ಟರ್ ಮೂಲಕ. ಗುಡುಗು ಕೇಳಿದ ಕೂಡಲೇ ಪ್ಲಗ್ ಕೀಳಬೇಕು.

ರೆಕಾರ್ಡೆಡ್ ಕೋರ್ಸ್ ಎಂದ ಮಾತ್ರಕ್ಕೆ ಕಣ್ಣುಮುಚ್ಚಿ ಕೊಳ್ಳುವಂತೆಯೂ ಇಲ್ಲ. "ಡೌನ್‌ಲೋಡ್ ಇದೆ" ಎಂಬ ಭರವಸೆಯ ಹಿಂದೆ ಷರತ್ತುಗಳಿರುತ್ತವೆ. ಇಳಿಸಿದ ಪಾಠ ಎಷ್ಟು ದಿನ ತೆರೆಯುತ್ತದೆ, ಮೆಮೊರಿ ಕಾರ್ಡಿಗೆ ಹೋಗುತ್ತದೆಯೇ ಅಥವಾ ಫೋನಿನ ಒಳಸಂಗ್ರಹದಲ್ಲೇ ಕೂರುತ್ತದೆಯೇ, ಎಷ್ಟು ಸಾಧನಗಳಲ್ಲಿ ನೋಡಬಹುದು, ನಡುನಡುವೆ ಆನ್‌ಲೈನ್ ಲಾಗಿನ್ ಕೇಳುತ್ತದೆಯೇ ಎಂಬುದನ್ನು ಬರಹದಲ್ಲಿ ಕೇಳಿ ಪಡೆಯಿರಿ. ವಾಟ್ಸ್ಆ್ಯಪ್ ಉತ್ತರವೂ ಬರಹವೇ. 480ಪಿಯ 40 ಗಂಟೆ ಪಾಠ ಸುಮಾರು 18 ಜಿಬಿ ಆಗುತ್ತದೆ. 32 ಜಿಬಿ ಒಳಸಂಗ್ರಹದ ಹಳೆಯ ಫೋನಿನಲ್ಲಿ ಅರ್ಧಕ್ಕಿಂತ ಹೆಚ್ಚು ಜಾಗವನ್ನು ಸಿಸ್ಟಮ್ ಮತ್ತು ಫೋಟೋಗಳೇ ತಿಂದಿರುತ್ತವೆ, ಪಾಠ ಹಿಡಿಸುವುದಿಲ್ಲ.

ಇನ್ನು ದುಡ್ಡಿನ ವಿಷಯ. ಫೋನಿನಲ್ಲಿ 30,000 ಎಂದರೆ ಜಿಎಸ್‌ಟಿ ಶೇ 18 ಸೇರಿ ಕೈಯಿಂದ ಹೋಗುವುದು 35,400 ರೂಪಾಯಿ. "ನೋ ಕಾಸ್ಟ್ ಇಎಂಐ" ಎಂಬುದು ಕಂಪನಿ ನಿಮಗೆ ಕೊಡುವ ಕಂತಿನ ಸೌಲಭ್ಯವಲ್ಲ, ಬೇರೊಂದು ಹಣಕಾಸು ಸಂಸ್ಥೆಯಿಂದ ನಿಮ್ಮ ಹೆಸರಿನಲ್ಲಿ ತೆಗೆಯುವ ಸಾಲ. ಬಡ್ಡಿಯನ್ನು ಕಂಪನಿ ಮೊದಲೇ ರಿಯಾಯಿತಿ ರೂಪದಲ್ಲಿ ಸಾಲ ಕೊಡುವವರಿಗೆ ಬಿಟ್ಟುಕೊಟ್ಟಿರುತ್ತದೆ. ಹಾಗಾಗಿ ಪೂರ್ತಿ ಹಣ ಒಮ್ಮೆಗೇ ಕಟ್ಟುವವರು ಆ ರಿಯಾಯಿತಿಯನ್ನು ತಮಗೆ ಕೊಡಿ ಎಂದು ಚೌಕಾಸಿ ಮಾಡಬಹುದು. ಎಡವುವುದು ಇನ್ನೊಂದು ಕಡೆ. ಕೋರ್ಸ್ ರದ್ದು ಮಾಡಿದ್ದೇವೆಂದು ಪೋಷಕರು ಸುಮ್ಮನಿರುತ್ತಾರೆ, ಸಾಲದ ಕಂತು ಖಾತೆಯಿಂದ ಕಡಿತವಾಗುತ್ತಲೇ ಇರುತ್ತದೆ. ಬ್ಯಾಂಕಿಗೆ ಹೇಳಿ ಕಡಿತ ನಿಲ್ಲಿಸಿದರೆ ಸಾಲ ತೀರಿದಂತಾಗುವುದಿಲ್ಲ, ಸಾಲ ಮರುಪಾವತಿಯ ದಾಖಲೆಯಾದ ಸಿಬಿಲ್ ಅಂಕ ಕೆಡುತ್ತದೆ. ಮುಂದೆ ತೋಟದ ಸಾಲಕ್ಕೆ ಬ್ಯಾಂಕಿಗೆ ಹೋದಾಗ ಅದು ಎದುರಾಗುತ್ತದೆ. ಆದ್ದರಿಂದ ಕೋರ್ಸ್ ಕಂಪನಿಗೆ ರದ್ದತಿ ಇಮೇಲ್, ಸಾಲ ಸಂಸ್ಥೆಗೆ ಅದರ ಪ್ರತಿಯೊಂದಿಗೆ ಸಾಲ ಮುಕ್ತಾಯದ ಕೋರಿಕೆ, ಆಮೇಲೆ ಆಟೊ ಡೆಬಿಟ್ ರದ್ದು, ಈ ಕ್ರಮದಲ್ಲೇ ನಡೆಯಬೇಕು. ಡಿಜಿಟಲ್ ಸಾಲಗಳಿಗೆ ರಿಸರ್ವ್ ಬ್ಯಾಂಕ್ 2022ರ ನಿಯಮಗಳಲ್ಲೇ ಪುನರಾಲೋಚನೆಯ ಅವಧಿಯನ್ನು ಕಡ್ಡಾಯ ಮಾಡಿದೆ. ಆ ಅವಧಿಯಲ್ಲಿ ಅಸಲು ಮತ್ತು ಅಷ್ಟು ದಿನದ ಬಡ್ಡಿ ಕಟ್ಟಿ ದಂಡವಿಲ್ಲದೆ ಹೊರಬರಬಹುದು. ಎಷ್ಟು ದಿನ ಎಂಬುದು ಸಾಲದ ಮುಖ್ಯಾಂಶಗಳ ಪತ್ರದಲ್ಲಿರುತ್ತದೆ. ಒಟಿಪಿ ಹೇಳುವ ಮುನ್ನ ಆ ಪತ್ರ ಕೇಳಿ. ಕೇಂದ್ರ ಶಿಕ್ಷಣ ಸಚಿವಾಲಯವೂ 2021ರ ಡಿಸೆಂಬರ್‌ನಲ್ಲೇ ಆಟೊ ಡೆಬಿಟ್‌ಗೆ ಒಪ್ಪಿಗೆ ಕೊಡಬೇಡಿ ಎಂದು ಪೋಷಕರನ್ನು ಎಚ್ಚರಿಸಿತ್ತು.

ಎರಡು ಮೂರು ವರ್ಷದ ಶುಲ್ಕ ಮುಂಗಡ ಕಟ್ಟಿದ ಮೇಲೆ ಕಂಪನಿ ದಿವಾಳಿಯಾದರೆ? ದಿವಾಳಿ ಕಾನೂನಿನ ಪ್ರಕಾರ ಪ್ರಕ್ರಿಯೆ ನಡೆಯುವಷ್ಟು ಕಾಲ ಕಂಪನಿಯ ಮೇಲಿನ ದಾವೆಗಳಿಗೆ ತಡೆ ಬೀಳುತ್ತದೆ. ಪೋಷಕರು ನ್ಯಾಯಮಂಡಳಿ ನೇಮಿಸಿದ ಪರಿಹಾರ ವೃತ್ತಿಪರರ ಮುಂದೆ ಹಕ್ಕು ಸಲ್ಲಿಸಿ, ಅಡಮಾನ ಪಡೆದು ಸಾಲ ಕೊಟ್ಟವರ ಹಿಂದೆ ಸಾಲಿನಲ್ಲಿ ನಿಲ್ಲಬೇಕು. ಮೂರು ತಿಂಗಳಿಗಿಂತ ಹೆಚ್ಚಿನ ಮುಂಗಡ ಬೇಡವೆನ್ನಲು ಇದೊಂದೇ ಕಾರಣ ಸಾಕು. ಕಂಪನಿ ನಡೆಯುತ್ತಿದ್ದೂ ಹಣ ಕೊಡದಿದ್ದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ. ಅದೂ ಆಗದಿದ್ದರೆ ಮಡಿಕೇರಿಯ ಜಿಲ್ಲಾ ಗ್ರಾಹಕ ಆಯೋಗವಿದೆ. 2019ರ ಕಾಯ್ದೆಯಂತೆ ಗ್ರಾಹಕ ವಾಸಿಸುವ ಜಿಲ್ಲೆಯಲ್ಲೇ ದೂರು ಕೊಡಬಹುದು, ಬೆಂಗಳೂರಿಗೆ ಅಲೆಯಬೇಕಿಲ್ಲ. ಕಟ್ಟಿದ ಹಣ 5 ಲಕ್ಷದೊಳಗಿದ್ದರೆ ದೂರಿಗೆ ಶುಲ್ಕವಿಲ್ಲ, ಎರಡು ವರ್ಷದೊಳಗೆ ಕೊಡಬೇಕು.

ಪದವಿ ಮಾರುವವರ ಬಗ್ಗೆಯೂ ಒಂದು ಮಾತು. ಹೋಂಸ್ಟೇ, ರೆಸಾರ್ಟ್‌ಗಳ ಜಿಲ್ಲೆಯಾದ್ದರಿಂದ ಇಲ್ಲಿ ಹೋಟೆಲ್ ಮ್ಯಾನೇಜ್‌ಮೆಂಟ್‌ಗೆ ಗಿರಾಕಿ ಹೆಚ್ಚು. ಆ ಪದವಿಯನ್ನಾಗಲಿ, ಎಂಜಿನಿಯರಿಂಗ್, ನರ್ಸಿಂಗ್, ಫಾರ್ಮಸಿ, ಕಾನೂನು, ಕೃಷಿ, ತೋಟಗಾರಿಕೆ ಪದವಿಗಳನ್ನಾಗಲಿ ಆನ್‌ಲೈನ್‌ನಲ್ಲಿ ಕೊಡಲು ವಿಶ್ವವಿದ್ಯಾಲಯ ಅನುದಾನ ಆಯೋಗ (ಯುಜಿಸಿ) ಅವಕಾಶ ಕೊಟ್ಟಿಲ್ಲ. ಅವಕಾಶ ಇರುವ ಬಿಎ, ಬಿಕಾಂ, ಎಂಬಿಎಗಳಿಗೂ ವಿದ್ಯಾರ್ಥಿಯೇ ಯುಜಿಸಿಯ ದೂರಶಿಕ್ಷಣ ಬ್ಯೂರೋ ಪೋರ್ಟಲ್‌ನಲ್ಲಿ ಡಿಇಬಿ-ಐಡಿ ಎಂಬ ಗುರುತಿನ ಸಂಖ್ಯೆ ಮಾಡಿಕೊಳ್ಳಬೇಕು. ಏಜೆಂಟ್ ತನ್ನ ಮೊಬೈಲ್ ಸಂಖ್ಯೆ ಹಾಕಿ ಮಾಡಿಕೊಡುತ್ತೇನೆಂದರೆ ಅಲ್ಲೇ ನಿಲ್ಲಿಸಿ. ವಿಶ್ವವಿದ್ಯಾಲಯಗಳು ಪದವಿಯನ್ನು ಎಡ್‌ಟೆಕ್ ಕಂಪನಿಗೆ ಫ್ರಾಂಚೈಸಿ ಕೊಡುವಂತಿಲ್ಲ ಎಂದು ಯುಜಿಸಿ 2022ರ ಜನವರಿಯಲ್ಲೇ ಹೇಳಿದೆ.

ಪುಕ್ಕಟೆಯಾಗಿರುವುದನ್ನು ಮಾತ್ರ ಯಾರೂ ಫೋನ್ ಮಾಡಿ ಹೇಳುವುದಿಲ್ಲ. ಸರ್ಕಾರದ ಶಾಲಾ ಪಾಠಗಳ ದೀಕ್ಷಾ ಆ್ಯಪ್‌ನ ಪಾಠಗಳನ್ನು ಇಳಿಸಿಟ್ಟು ನೆಟ್ ಇಲ್ಲದೆ ನೋಡಬಹುದು. ನೀಟ್, ಜೆಇಇಗೆ ಐಐಟಿ ಕಾನ್ಪುರ ನಡೆಸುವ ಉಚಿತ ತರಬೇತಿ ತಾಣ ಸಾಥಿ ಇದೆ. ಸ್ವಯಂಪ್ರಭಾ ಪಾಠದ ಚಾನೆಲ್‌ಗಳು ಡಿಡಿ ಫ್ರೀ ಡಿಶ್‌ನಲ್ಲಿ ಬರುತ್ತವೆ. ಆದರೆ ಜಡಿಮಳೆಗೆ ತಟ್ಟೆಯ ಚಿತ್ರವೂ ನಿಂತುಹೋಗುತ್ತದೆ, ಅದನ್ನೇ ನೆಚ್ಚುವಂತಿಲ್ಲ. ಪದವಿ ವಿದ್ಯಾರ್ಥಿಗಳಿಗೆ ಐಐಟಿಗಳ ಎನ್‌ಪಿಟೆಲ್, ಕೇಂದ್ರ ಸರ್ಕಾರದ ಸ್ವಯಂ ಪೋರ್ಟಲ್‌ನ ಕೋರ್ಸ್‌ಗಳು ಅತಿ ಲಾಭದವು. ಕಲಿಯಲು ಶುಲ್ಕವಿಲ್ಲ, ಎನ್‌ಪಿಟೆಲ್ ಪ್ರಮಾಣಪತ್ರ ಬೇಕಾದವರಿಗೆ ಮಾತ್ರ ಪರೀಕ್ಷಾ ಶುಲ್ಕ. 12 ವಾರದ ಎನ್‌ಪಿಟೆಲ್ ಕೋರ್ಸ್‌ನಲ್ಲಿ ಅತ್ಯುತ್ತಮ 8 ಅಸೈನ್‌ಮೆಂಟ್‌ಗಳು ಲೆಕ್ಕಕ್ಕೆ ಬರುತ್ತವೆ, ಅಂದರೆ ಮಳೆಯಲ್ಲಿ ನಾಲ್ಕು ವಾರ ತಪ್ಪಿದರೂ ಮುಳುಗಿಹೋಗುವುದಿಲ್ಲ. ಅಸೈನ್‌ಮೆಂಟ್‌ಗೆ 25, ಪರೀಕ್ಷೆಗೆ 75 ಅಂಕ. ಮೊದಲನೆಯದರಲ್ಲಿ 10, ಎರಡನೆಯದರಲ್ಲಿ 30 ಬಂದರೆ ಪಾಸು. ಯುಜಿಸಿಯ 2021ರ ನಿಯಮದಂತೆ ಒಂದು ಸೆಮಿಸ್ಟರ್‌ನ ಶೇ 40ರವರೆಗಿನ ಕೋರ್ಸ್‌ಗಳ ಕ್ರೆಡಿಟ್ ಸ್ವಯಂ ಮೂಲಕ ಪಡೆಯಲು ಅವಕಾಶವಿದೆ. ಕಾಲೇಜು ಒಪ್ಪಿದರೆ ಮಾತ್ರ ಅದು ಅಂಕಪಟ್ಟಿಗೆ ಬರುತ್ತದೆ, ನೋಂದಣಿಗೆ ಮೊದಲೇ ಪ್ರಾಂಶುಪಾಲರ ಒಪ್ಪಿಗೆ ಪಡೆಯಿರಿ.

ಜಿಲ್ಲಾಡಳಿತದಿಂದ ಆಗಬೇಕಾದ್ದು ದೊಡ್ಡ ಯೋಜನೆಯೇನಲ್ಲ. ಗ್ರಾಮ ಪಂಚಾಯಿತಿ ಗ್ರಂಥಾಲಯಗಳಿಗೆ ಈಗ ಅರಿವು ಕೇಂದ್ರವೆಂಬ ಹೆಸರಿದೆ. ಪ್ರತಿ ಕೇಂದ್ರಕ್ಕೆ 1 ಟಿಬಿ ಹಾರ್ಡ್ ಡಿಸ್ಕ್, ಒಂದು ರೂಟರ್, ಇನ್ವರ್ಟರ್ ಕೊಟ್ಟರೆ 480ಪಿಯ ಎರಡು ಸಾವಿರ ಗಂಟೆಗೂ ಹೆಚ್ಚು ಪಾಠ ಅಲ್ಲೇ ಇಟ್ಟುಕೊಳ್ಳಬಹುದು. ಹೊರಗಿನ ನೆಟ್ ಸತ್ತರೂ ಕೇಂದ್ರದ ವೈಫೈನಲ್ಲಿ ಮಕ್ಕಳು ಫೋನಿಗೆ ಇಳಿಸಿಕೊಳ್ಳುತ್ತಾರೆ. ದೀಕ್ಷಾ ಮತ್ತು ಎನ್‌ಪಿಟೆಲ್ ಪಾಠಗಳಲ್ಲಿ ಬಹುಪಾಲು ಕ್ರಿಯೇಟಿವ್ ಕಾಮನ್ಸ್ ಪರವಾನಗಿಯವು, ಅಂದರೆ ಮೂಲದ ಹೆಸರು ಹೇಳಿ ನಕಲು ಮಾಡಿ ಹಂಚಲು ಅನುಮತಿ ಇರುವವು. ಡಿಸ್ಕ್‌ಗಳನ್ನು ಮೇ ತಿಂಗಳಲ್ಲಿ ಜಿಲ್ಲಾ ಕೇಂದ್ರದಲ್ಲಿ ಒಟ್ಟಿಗೆ ತುಂಬಿಸಿ ಕಳಿಸಿದರೆ ಆಯಿತು. ಭಾಗಮಂಡಲ, ಶಾಂತಳ್ಳಿ, ಬಿರುನಾಣಿ ಕಡೆಯ ಪಂಚಾಯಿತಿಗಳಿಂದ ಶುರು ಮಾಡಬೇಕು. ತೋಟದ ಕಾರ್ಮಿಕರ ಲೈನ್ ಮನೆಗಳ ಮಕ್ಕಳಿಗೆ ಸ್ವಂತ ಫೋನ್ ಇರುವುದು ಅಪರೂಪ, ಆದ್ದರಿಂದ ಕೇಂದ್ರದಲ್ಲೇ ಕೂತು ನೋಡಲು ನಾಲ್ಕಾರು ಟ್ಯಾಬ್‌ಗಳೂ ಇರಲಿ. ಕೇಂದ್ರವನ್ನು ಸಂಜೆ ಐದಕ್ಕೆ ಬೀಗ ಹಾಕಿದರೆ ಇದಾವುದೂ ಉಪಯೋಗಕ್ಕೆ ಬಾರದು. ಮಳೆಗಾಲದಲ್ಲಿ ಏಳರವರೆಗಾದರೂ ತೆರೆದಿರಬೇಕು.

ಇನ್ನೊಂದು ಬೇಡಿಕೆ ಕೊಡಗು ವಿಶ್ವವಿದ್ಯಾಲಯಕ್ಕೆ. ಸ್ವಯಂ, ಎನ್‌ಪಿಟೆಲ್ ಪರೀಕ್ಷೆಗಳು ಕಂಪ್ಯೂಟರ್ ಮುಂದೆ, ಕೇಂದ್ರದಲ್ಲೇ ಕೂತು ಬರೆಯುವಂಥವು. ನಮ್ಮ ಮಕ್ಕಳು ಬೆಳಗಿನ ಪಾಳಿಗೆ ಹಿಂದಿನ ದಿನವೇ ಮೈಸೂರಿಗೋ ಮಂಗಳೂರಿಗೋ ಹೋಗಿ ರೂಮು ಮಾಡಬೇಕಾದರೆ ಪರೀಕ್ಷಾ ಶುಲ್ಕಕ್ಕಿಂತ ಬಸ್ಸು, ರೂಮಿನ ಖರ್ಚೇ ಹೆಚ್ಚು. ವಿಶ್ವವಿದ್ಯಾಲಯ ತನ್ನ ವ್ಯಾಪ್ತಿಯ ಕಾಲೇಜುಗಳಲ್ಲಿ ಎನ್‌ಪಿಟೆಲ್ ಲೋಕಲ್ ಚಾಪ್ಟರ್ (ಕಾಲೇಜು ಮಟ್ಟದ ಘಟಕ) ತೆರೆಸಿ, ನೋಂದಣಿ ಸಂಖ್ಯೆ ತೋರಿಸಿ, ಮಡಿಕೇರಿ ಅಥವಾ ಕುಶಾಲನಗರದಲ್ಲಿ ಪರೀಕ್ಷಾ ಕೇಂದ್ರಕ್ಕೆ ಈ ಸೆಮಿಸ್ಟರ್‌ನಲ್ಲೇ ಪತ್ರ ಬರೆಯಲಿ.

ಇಂತಿ,
ಒಬ್ಬ ಉಪನ್ಯಾಸಕ, ಮಡಿಕೇರಿ