ಗೇಮ್ ಶಿಫ್ಟಿಂಗ್‌ಗೆ ಇನ್ನು ಮುಂದೆ ಚಾರ್ಜ್: ನಮ್ಮ ಗ್ರಾಹಕರಿಗೆ ಒಂದು ಪತ್ರ

ಆತ್ಮೀಯ ಗ್ರಾಹಕರೇ,

ಬರುವ ತಿಂಗಳ ಒಂದನೇ ತಾರೀಖಿನಿಂದ, ನಮ್ಮಲ್ಲಿ ಎಸ್‌ಎಸ್‌ಡಿ (ಹಾರ್ಡ್ ಡಿಸ್ಕ್‌ನ ಬದಲು ಹಾಕುವ, ಮೆಮೊರಿ ಚಿಪ್‌ಗಳ ವೇಗದ ಡ್ರೈವ್) ಕೊಂಡವರ ಗೇಮ್‌ಗಳನ್ನು ಹಳೆಯ ಡ್ರೈವ್‌ನಿಂದ ಹೊಸದಕ್ಕೆ ಉಚಿತವಾಗಿ ಶಿಫ್ಟ್ ಮಾಡಿಕೊಡುವುದನ್ನು ನಿಲ್ಲಿಸುತ್ತಿದ್ದೇವೆ. ಡ್ರೈವ್ ಕೂರಿಸುವುದು, ವಿಂಡೋಸ್ ಕ್ಲೋನ್ ಮಾಡುವುದು, ಅಂದರೆ ಹಳೆಯ ಡ್ರೈವ್ ಇದ್ದಂತೆಯೇ ಹೊಸದಕ್ಕೆ ನಕಲಿಸುವುದು, ಮೊದಲಿನಂತೆಯೇ ಉಚಿತ. ವಿಂಡೋಸ್ ಮತ್ತು ಗೇಮ್ ಎರಡೂ ಒಂದೇ ಡ್ರೈವ್‌ನಲ್ಲಿದ್ದು, ಹೊಸ ಡ್ರೈವ್ ಅಷ್ಟನ್ನೂ ಹಿಡಿಸುವಷ್ಟು ದೊಡ್ಡದಿದ್ದರೆ ಕ್ಲೋನ್‌ನಲ್ಲೇ ಗೇಮ್‌ಗಳೂ ಬಂದುಬಿಡುತ್ತವೆ, ಅದಕ್ಕೂ ದುಡ್ಡಿಲ್ಲ. ಗೇಮ್‌ಗಳು ಬೇರೆ ಡ್ರೈವ್‌ನಲ್ಲಿದ್ದು ಅವನ್ನು ಪ್ರತ್ಯೇಕವಾಗಿ ಸಾಗಿಸಬೇಕಾದಾಗ ಮಾತ್ರ 250 ಜಿಬಿವರೆಗೆ 300 ರೂಪಾಯಿ, 1 ಟಿಬಿವರೆಗೆ 500 ರೂಪಾಯಿ. ಅದಕ್ಕೂ ಹೆಚ್ಚಿದ್ದರೆ ಡ್ರೈವ್ ನೋಡಿ ಮೊದಲೇ ಹೇಳುತ್ತೇವೆ. ಬೆಳಿಗ್ಗೆ ಕೊಟ್ಟು ಸಂಜೆ ಒಯ್ಯುವ ಏರ್ಪಾಡೂ ಇನ್ನಿಲ್ಲ, ಮೆಷಿನ್ ಒಂದು ರಾತ್ರಿ ನಮ್ಮಲ್ಲಿರಬೇಕು. ದೂರದ ಊರುಗಳಿಂದ ಬಸ್ಸಿನಲ್ಲಿ ಸಿಪಿಯು ಹೊತ್ತು ತರುವವರಿಗೆ ಇದರಿಂದ ಎರಡು ಓಡಾಟ ಆಗುತ್ತದೆ. ಅದಕ್ಕಾಗಿ ನಿಜಕ್ಕೂ ಕ್ಷಮೆ ಕೇಳುತ್ತೇವೆ.

ಎಸ್‌ಎಸ್‌ಡಿ ರೇಟನ್ನೂ ಏರಿಸಿ, ಮೇಲೆ ಇದಕ್ಕೂ ದುಡ್ಡು ಕೇಳುತ್ತೀರಲ್ಲ ಎಂದು ಅನ್ನುವವರಿದ್ದಾರೆ. ರೇಟಿನ ಮಾತು ಮೊದಲು ಮುಗಿಸೋಣ. ಡ್ರೈವ್‌ನ ಬೆಲೆ ಏರಿಸಿದ್ದು ನಾವಲ್ಲ. 2025ರ ಕೊನೆಯಿಂದ ಮೆಮೊರಿ ಚಿಪ್‌ಗಳ ಬೆಲೆ ಜಗತ್ತಿನಾದ್ಯಂತ ಏರಿದೆ. ಎಐ ಡೇಟಾ ಸೆಂಟರ್‌ಗಳು ಚಿಪ್‌ಗಳನ್ನು ಸಾರಾಸಗಟಾಗಿ ಕೊಳ್ಳುತ್ತಿವೆ, ತಯಾರಕರೂ ಅತ್ತಲೇ ವಾಲಿದ್ದಾರೆ. ನಮ್ಮಲ್ಲಿ ಅನೇಕರು ನಂಬಿ ಕೊಳ್ಳುತ್ತಿದ್ದ ಕ್ರೂಷಿಯಲ್ ಬ್ರ್ಯಾಂಡ್‌ನ ಗ್ರಾಹಕ ವ್ಯಾಪಾರವನ್ನೇ ಮುಚ್ಚುವುದಾಗಿ ಮೈಕ್ರಾನ್ ಕಂಪನಿ 2025ರ ಡಿಸೆಂಬರಿನಲ್ಲಿ ಪ್ರಕಟಿಸಿತು. ಇನ್ನು ಜಿಎಸ್‌ಟಿ. 2025ರ ಸೆಪ್ಟೆಂಬರ್ 22ರಂದು ಇಳಿದದ್ದು ಏಸಿ, ದೊಡ್ಡ ಟಿವಿಯಂಥವುಗಳ ತೆರಿಗೆ, ಶೇ 28ರಿಂದ 18ಕ್ಕೆ. ಎಸ್‌ಎಸ್‌ಡಿ ಮೊದಲೇ ಶೇ 18ರಲ್ಲಿತ್ತು, ಈಗಲೂ ಅಲ್ಲೇ ಇದೆ. ಇಳಿದ ತೆರಿಗೆಯನ್ನು ನಾವು ಜೇಬಿಗೆ ಹಾಕಿಕೊಂಡೆವು ಎಂಬ ಮಾತು ಮನಸ್ಸಿಗೆ ನೋವು ಮಾಡಿದೆ. ಬಿಲ್‌ನಲ್ಲಿ ತೆರಿಗೆಯ ಸಾಲು ಬೇರೆಯಾಗಿಯೇ ಇರುತ್ತದೆ, ದಯವಿಟ್ಟು ನೋಡಿ. 1 ಟಿಬಿ ಎಂದು ಕೊಟ್ಟ ಡ್ರೈವ್ ವಿಂಡೋಸ್‌ನಲ್ಲಿ 931 ಜಿಬಿ ಎಂದು ಕಾಣುವುದರಲ್ಲೂ ನಮ್ಮ ತಪ್ಪಿಲ್ಲ, ಯಾವ ಅಂಗಡಿಯಲ್ಲಿ ಕೊಂಡರೂ ಅಷ್ಟೇ. ಕಂಪನಿಯವರು ಸಾವಿರದ ಲೆಕ್ಕದಲ್ಲಿ ಎಣಿಸುತ್ತಾರೆ, ವಿಂಡೋಸ್ 1024ರ ಲೆಕ್ಕದಲ್ಲಿ.

ಈಗ ಎಲ್ಲರೂ ಕೇಳುವ ಮುಖ್ಯ ಮಾತು: "ಬರೀ ಕಾಪಿ-ಪೇಸ್ಟ್ ಅಲ್ವಾ ಸಾರ್, ಅದಕ್ಕೇನು ದುಡ್ಡು?"

ಫೋಟೊ, ಸಿನಿಮಾ ಆದರೆ ಹೌದು, ಬರೀ ಕಾಪಿ-ಪೇಸ್ಟ್. ಗೇಮ್ ಹಾಗಲ್ಲ. ಮನೆ ಕೈ ಬದಲಾಗಿ ಖಾತೆ ಬದಲಾಗದಿದ್ದರೆ ಕಂದಾಯದ ನೋಟಿಸ್ ಹಳೆಯ ಹೆಸರಿಗೇ ಬರುವಂತೆ, ಫೋಲ್ಡರ್ ಹೊಸ ಡ್ರೈವ್‌ಗೆ ಹೋದರೂ ಲಾಂಚರ್‌ನ (ಗೇಮ್ ಇಳಿಸಿ ಓಡಿಸುವ ಸ್ಟೀಮ್, ಎಪಿಕ್‌ನಂಥ ಪ್ರೋಗ್ರಾಂನ) ದಾಖಲೆಯಲ್ಲಿ ವಿಳಾಸ ಹಳೆಯದೇ ಇರುತ್ತದೆ. ಸ್ಟೀಮ್‌ನಲ್ಲಿ ಗೇಮ್‌ನ ಫೈಲ್‌ಗಳು ಸ್ಟೀಮ್‌ಆಪ್ಸ್ ಫೋಲ್ಡರ್‌ನೊಳಗಿನ ಕಾಮನ್ ಎಂಬಲ್ಲಿರುತ್ತವೆ. ಅದರ ದಾಖಲೆ ಮಾತ್ರ ಹೊರಗೆ ಸ್ಟೀಮ್‌ಆಪ್ಸ್‌ನಲ್ಲೇ, ಆಪ್‌ಮ್ಯಾನಿಫೆಸ್ಟ್ ಎಂಬ ಹೆಸರಿನ ಮುಂದೆ ಗೇಮ್‌ನ ಸಂಖ್ಯೆ ಹೊತ್ತ ಸಣ್ಣ ಫೈಲ್‌ನಲ್ಲಿರುತ್ತದೆ. ಕೌಂಟರ್-ಸ್ಟ್ರೈಕ್ 2ಕ್ಕೆ ಆ ಸಂಖ್ಯೆ 730, ಸೈಬರ್‌ಪಂಕ್ 2077ಕ್ಕೆ 1091500. ಕೆಲವೇ ಕೆಬಿಯ ಆ ಫೈಲ್ ಬಿಟ್ಟು ಬರೀ ದೊಡ್ಡ ಫೋಲ್ಡರ್ ಒಯ್ದರೆ ಸ್ಟೀಮ್ ಆ ಗೇಮ್ ಇಲ್ಲವೇ ಇಲ್ಲ ಎನ್ನುತ್ತದೆ. ಎಪಿಕ್‌ನ ದಾಖಲೆ ಇರುವುದು ಸಿ ಡ್ರೈವ್‌ನ ಪ್ರೋಗ್ರಾಮ್‌ಡೇಟಾ ಎಂಬ ಅಡಗಿದ ಫೋಲ್ಡರ್‌ನಲ್ಲಿ. ಎಕ್ಸ್‌ಬಾಕ್ಸ್ ಆ್ಯಪ್‌ನ ಗೇಮ್‌ಗಳನ್ನು ಕೈಯಿಂದ ಕಾಪಿ ಮಾಡಿದರೆ ಸಾಮಾನ್ಯವಾಗಿ ಓಡುವುದಿಲ್ಲ, ವಿಂಡೋಸ್‌ನ ಅನುಮತಿಗಳು ಆ ಫೋಲ್ಡರ್‌ಗೆ ಅಂಟಿಕೊಂಡಿರುತ್ತವೆ.

ಎರಡನೆಯದು ಸಮಯ. ಎಸ್‌ಎಸ್‌ಡಿ ಬಾಕ್ಸಿನ ಮೇಲೆ ಸೆಕೆಂಡಿಗೆ 3,500 ಎಂಬಿ ಎಂದು ಬರೆದಿದ್ದರೂ, ಓದಬೇಕಾದದ್ದು ಹಳೆಯ ಹಾರ್ಡ್ ಡಿಸ್ಕ್‌ನಿಂದ. ಅದು ಚೆನ್ನಾಗಿದ್ದರೂ ಸೆಕೆಂಡಿಗೆ 100ರಿಂದ 150 ಎಂಬಿ, ಡಿಸ್ಕ್‌ನ ಒಳ ಸುತ್ತಿನಲ್ಲಿರುವ ಫೈಲ್‌ಗಳಿಗೆ ಅದರ ಅರ್ಧ. 600 ಜಿಬಿ ಸಾಗಿಸಲು 100 ಎಂಬಿ ಲೆಕ್ಕದಲ್ಲಿ ಒಂದು ಗಂಟೆ ನಲವತ್ತು ನಿಮಿಷ ಬೇಕು. ಆದರೆ ಗೇಮ್‌ಗಳಲ್ಲಿ ಸಾವಿರಾರು ಸಣ್ಣ ಫೈಲ್‌ಗಳಿರುತ್ತವೆ. ಪ್ರತಿಯೊಂದಕ್ಕೂ ಡಿಸ್ಕ್‌ನ ಹೆಡ್ ಜಾಗ ಹುಡುಕಿ ಓಡಬೇಕು, ಆಗ ವೇಗ 20 ಎಂಬಿಗೂ ಕೆಳಗೆ ಬೀಳುತ್ತದೆ. ಕೆಲವು ಅಗ್ಗದ ಎಸ್‌ಎಸ್‌ಡಿಗಳು ಒಂದಿಷ್ಟು ಬರೆಯುವವರೆಗೆ ಕುದುರೆಯಂತೆ ಓಡಿ, ಒಳಗಿನ ಕ್ಯಾಷ್ (ವೇಗವಾಗಿ ಬರೆಯುವ ತಾತ್ಕಾಲಿಕ ಜಾಗ) ತುಂಬಿದೊಡನೆ ಹಾರ್ಡ್ ಡಿಸ್ಕ್‌ಗಿಂತ ನಿಧಾನವಾಗುವುದೂ ಉಂಟು. ಎಲ್ಲ ಮುಗಿದ ಮೇಲೆ ಪ್ರತಿ ಗೇಮ್ ವೆರಿಫೈ ಮಾಡಬೇಕು, ಅಂದರೆ ಅದರ ಫೈಲ್‌ಗಳೆಲ್ಲ ಸರಿಯಿವೆಯೇ ಎಂದು ಲಾಂಚರ್‌ನಿಂದ ಪರೀಕ್ಷಿಸಬೇಕು. ಅದನ್ನು ಮಾಡದೆ ಮೆಷಿನ್ ಕೈಗಿಡುವುದು ನಮಗೆ ಒಗ್ಗುವುದಿಲ್ಲ. ರಾತ್ರಿ ಬೇಕು ಎನ್ನುವುದು ಇದಕ್ಕೇ.

ಮೂರನೆಯದು ಹಳೆಯ ಡಿಸ್ಕ್‌ನ ಆರೋಗ್ಯ. ಬಹುತೇಕ ಮಂದಿ ಎಸ್‌ಎಸ್‌ಡಿ ಕೊಳ್ಳಲು ಬರುವುದೇ ಹಾರ್ಡ್ ಡಿಸ್ಕ್ ನಿಧಾನವಾದಾಗ, ಎಷ್ಟೋ ಸಲ ಅದು ಸಾಯಲು ಶುರುವಾಗಿರುತ್ತದೆ. ಆದ್ದರಿಂದ ಮೊದಲು ಡಿಸ್ಕ್‌ನ ಆರೋಗ್ಯ ತೋರಿಸುವ ಕ್ರಿಸ್ಟಲ್‌ಡಿಸ್ಕ್‌ಇನ್ಫೋ ಪ್ರೋಗ್ರಾಂ ಹಾಕಿ 05 ಮತ್ತು ಸಿ5 ಸಾಲುಗಳನ್ನು ನೋಡುತ್ತೇವೆ. ಕೆಟ್ಟದ್ದಕ್ಕೆ ಬದಲಿ ಕೊಟ್ಟ ಸೆಕ್ಟರ್‌ಗಳು (ಡಿಸ್ಕ್‌ನ ಸಣ್ಣ ಸಣ್ಣ ತುಂಡುಗಳು) ಎಷ್ಟು, ಓದಲಾಗದೆ ಕಾದಿರುವ ಸೆಕ್ಟರ್‌ಗಳು ಎಷ್ಟು ಎಂಬುದು ಅಲ್ಲಿ ಗೊತ್ತಾಗುತ್ತದೆ. ಸಿ5 ಸೊನ್ನೆ ಇಲ್ಲದಿದ್ದರೆ ಲಾಂಚರ್‌ನ ಮೂವ್ ಗುಂಡಿ ಒತ್ತುವುದಿಲ್ಲ, ಅದು ಕೆಟ್ಟ ಸೆಕ್ಟರ್ ಬಂದಲ್ಲಿ ಡಿಸ್ಕ್ ರೀಡ್ ಎರರ್ ತೋರಿಸಿ ನಿಂತುಬಿಡುತ್ತದೆ. ಆಗ ವಿಂಡೋಸ್‌ನಲ್ಲೇ ಇರುವ ರೋಬೋಕಾಪಿ ಎಂಬ ಕಾಪಿ ಪ್ರೋಗ್ರಾಂ ಬಳಸುತ್ತೇವೆ. ಇದರಲ್ಲೂ ಒಂದು ಹೊಂಡ ಇದೆ, ಬೀಳುವವರು ಬಹಳ: ಮರುಪ್ರಯತ್ನ ಎಷ್ಟು ಎಂದು ಹೇಳದೆ ಬಿಟ್ಟರೆ ಓದಲಾಗದ ಒಂದೊಂದು ಫೈಲ್‌ಗೂ ಅದು ಹತ್ತು ಲಕ್ಷ ಸಲ ಪ್ರಯತ್ನಿಸುತ್ತದೆ, ಪ್ರತಿ ಸಲದ ನಡುವೆ 30 ಸೆಕೆಂಡ್ ಕಾಯುತ್ತದೆ. ನಾವು ಎರಡನ್ನೂ 1ಕ್ಕೆ ಇಳಿಸಿ ಓಡಿಸುತ್ತೇವೆ. ಓದಲಾಗದ್ದನ್ನು ಅದು ಬಿಟ್ಟು ಮುಂದೆ ಹೋಗುತ್ತದೆ, ಬಿಟ್ಟದ್ದನ್ನು ಆಮೇಲೆ ವೆರಿಫೈ ಮಾಡಿ ಇಂಟರ್ನೆಟ್‌ನಿಂದ ತುಂಬಿಸುತ್ತೇವೆ. 150 ಜಿಬಿಯ ಬಾಲ್ಡರ್ಸ್ ಗೇಟ್ 3 ಪೂರ್ತಿ ಮತ್ತೆ ಇಳಿಸಲು 40 ಎಂಬಿಪಿಎಸ್ ಕನೆಕ್ಷನ್‌ನಲ್ಲಿ ಎಂಟು ಗಂಟೆಗೂ ಮೇಲೆ ಬೇಕು. ಹೀಗೆ ಮಾಡಿದರೆ ಸಾಮಾನ್ಯವಾಗಿ ಬಿಟ್ಟುಹೋದ ಫೈಲ್‌ಗಳಷ್ಟೇ ಇಳಿಯುತ್ತವೆ. ಈ ಡಾಟಾ ನಮ್ಮ ಪ್ಲಾನ್‌ನದು. ಕಾಪಿ ಓಡುವಾಗ ಕರೆಂಟ್ ಹೋದರೆ ತಡೆಯುವ ಯುಪಿಎಸ್‌ನ ಬ್ಯಾಟರಿಯೂ ನಮ್ಮದು, ಅದನ್ನು ಎರಡು ಮೂರು ವರ್ಷಕ್ಕೊಮ್ಮೆ ಬದಲಿಸಲೇಬೇಕು. ಇಷ್ಟು ದಿನ ಇವೆಲ್ಲ ನಮ್ಮ ಕೈಯಿಂದಲೇ ಹೋಗುತ್ತಿದ್ದವು. ಡ್ರೈವ್‌ನ ಮೇಲೆ ನಮಗೆ ಉಳಿಯುವುದರಲ್ಲಿ ಇನ್ನು ಅದು ಗಿಟ್ಟುವುದಿಲ್ಲ.

ಇಷ್ಟು ಹೇಳಿದ ಮೇಲೆ ಇನ್ನೊಂದು ಮಾತು. ಡಿಸ್ಕ್ ಆರೋಗ್ಯವಾಗಿದ್ದರೆ ಈ ಕೆಲಸ ನೀವೇ ಮಾಡಿಕೊಳ್ಳಬಹುದು, ನಮಗೆ ಒಂದು ರೂಪಾಯಿ ಕೊಡಬೇಕಿಲ್ಲ. ಸಿಕ್ಕಿಹಾಕಿಕೊಂಡರೆ ವಾಟ್ಸ್ಆ್ಯಪ್‌ನಲ್ಲಿ ಸ್ಕ್ರೀನ್ ಫೋಟೊ ಕಳಿಸಿ, ಉತ್ತರಿಸುತ್ತೇವೆ, ಅದಕ್ಕೂ ಚಾರ್ಜ್ ಇಲ್ಲ.

ಹೊಸ ಡ್ರೈವ್ ಎನ್‌ಟಿಎಫ್‌ಎಸ್ (ಡ್ರೈವ್‌ನಲ್ಲಿ ಫೈಲ್‌ಗಳನ್ನು ಜೋಡಿಸಿಡುವ ಒಂದು ಕ್ರಮ) ಆಗಿ ಫಾರ್ಮ್ಯಾಟ್ ಆಗಿರಲಿ. ಎಫ್‌ಎಟಿ32 ಆದರೆ 4 ಜಿಬಿಗಿಂತ ದೊಡ್ಡ ಫೈಲ್ ಕೂರುವುದಿಲ್ಲ, ಎಕ್ಸ್‌ಎಫ್‌ಎಟಿ ಆದರೆ ಎಕ್ಸ್‌ಬಾಕ್ಸ್ ಗೇಮ್‌ಗಳು ಇನ್‌ಸ್ಟಾಲ್ ಆಗುವುದಿಲ್ಲ. ಪವರ್ ಸೆಟ್ಟಿಂಗ್‌ನಲ್ಲಿ ಸ್ಲೀಪ್ ಅನ್ನು ನೆವರ್‌ಗೆ ಇಡಿ. ಸ್ಟೀಮ್ ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್‌ಗೆ ಹೋಗಿ, ಮೇಲೆ ಡ್ರೈವ್‌ನ ಹೆಸರಿರುವ ಪಟ್ಟಿ ಬಿಚ್ಚಿ ಆ್ಯಡ್ ಡ್ರೈವ್ ಒತ್ತಿ ಹೊಸದನ್ನು ಸೇರಿಸಿ. ಮತ್ತೆ ಹಳೆಯ ಡ್ರೈವ್‌ಗೆ ಬಂದು, ಬೇಕಾದ ಗೇಮ್‌ಗಳ ಪಕ್ಕದ ಚೌಕಕ್ಕೆ ಟಿಕ್ ಹಾಕಿ ಮೂವ್ ಒತ್ತಿ. ಫೈಲ್ ಲಾಕ್ ಆಗಿದೆ ಎಂದು ನಿಂತರೆ ಸಾಮಾನ್ಯವಾಗಿ ಕಾರಣ ಆ್ಯಂಟಿವೈರಸ್ ಅಥವಾ ಹಿಂದೆ ಇನ್ನೂ ಓಡುತ್ತಿರುವ ಗೇಮ್. ಮುಗಿದ ಮೇಲೆ ಗೇಮ್‌ನ ಪ್ರಾಪರ್ಟೀಸ್‌ನಲ್ಲಿ ಇನ್‌ಸ್ಟಾಲ್ಡ್ ಫೈಲ್ಸ್‌ಗೆ ಹೋಗಿ ವೆರಿಫೈ ಮಾಡಿ. ಒಂದೆರಡು ಫೈಲ್ ಫೇಲ್ ಎಂದು ಬಂದರೆ ಗಾಬರಿ ಬೇಡ, ಅಷ್ಟನ್ನೇ ಅದು ಮತ್ತೆ ಇಳಿಸಿಕೊಳ್ಳುತ್ತದೆ. ವಿಂಡೋಸ್ ಹೊಸದಾಗಿ ಹಾಕಿಸಿ ಗೇಮ್ ಡ್ರೈವ್ ಹಾಗೇ ಉಳಿದಿದ್ದರೂ ಇದೇ ಆ್ಯಡ್ ಡ್ರೈವ್ ಸಾಕು, ಇದ್ದ ಗೇಮ್‌ಗಳು ತಾವೇ ಕಾಣಿಸುತ್ತವೆ. ಅವಸರಪಟ್ಟು ಇನ್‌ಸ್ಟಾಲ್ ಒತ್ತಬೇಡಿ.

ಎಪಿಕ್‌ನಲ್ಲಿ ಗೇಮ್‌ನ ಮ್ಯಾನೇಜ್ ಪುಟದಲ್ಲಿ ಮೂವ್ ಗುಂಡಿ ಕಂಡರೆ ಅದನ್ನೇ ಬಳಸಿ. ಕಾಣದಿದ್ದರೆ ಗೇಮ್ ಫೋಲ್ಡರನ್ನು ಮೊದಲು ಬೇರೆಡೆ ಕಾಪಿ ಮಾಡಿಟ್ಟುಕೊಳ್ಳಿ. ಆಮೇಲೆ ಲಾಂಚರ್‌ನಲ್ಲಿ ಅನ್‌ಇನ್‌ಸ್ಟಾಲ್ ಮಾಡಿ, ಹೊಸ ಡ್ರೈವ್‌ಗೆ ಇನ್‌ಸ್ಟಾಲ್ ಶುರು ಮಾಡಿ. ಶೇ 2ರಿಂದ 3 ಆದಾಗ ಕ್ಯಾನ್ಸಲ್ ಮಾಡಿ ಲಾಂಚರನ್ನೇ ಮುಚ್ಚಿ. ಕಾಪಿಯಲ್ಲಿರುವುದನ್ನೆಲ್ಲ ಹೊಸ ಫೋಲ್ಡರ್‌ನ ಮೇಲೆ ಹಾಕಿ, ಲಾಂಚರ್ ತೆರೆದು ರೆಸ್ಯೂಮ್ ಕೊಡಿ. ಇರುವುದನ್ನು ಪರೀಕ್ಷಿಸಿಕೊಂಡು, ಇಲ್ಲದ್ದನ್ನಷ್ಟೇ ಇಳಿಸುತ್ತದೆ. ಈ ಕ್ರಮ ತಪ್ಪಿ ಕಾಪಿ ಮಾಡುವ ಮೊದಲೇ ಅನ್‌ಇನ್‌ಸ್ಟಾಲ್ ಒತ್ತಿದವರು ನಮ್ಮ ಬಳಿ ಬಂದರೂ ನಾವು ಮಾಡುವಂಥದ್ದು ಏನೂ ಇರುವುದಿಲ್ಲ.

ಎಕ್ಸ್‌ಬಾಕ್ಸ್ ಆ್ಯಪ್‌ನ ಗೇಮ್‌ಗಳನ್ನು ವಿಂಡೋಸ್ ಸೆಟ್ಟಿಂಗ್ಸ್‌ನ ಇನ್‌ಸ್ಟಾಲ್ಡ್ ಆ್ಯಪ್ಸ್ ಪಟ್ಟಿಯಲ್ಲಿ ಮೂರು ಚುಕ್ಕಿ ಒತ್ತಿ, ಮೂವ್ ಕೊಟ್ಟು ಸಾಗಿಸಿ. ಯೂಬಿಸಾಫ್ಟ್ ಮತ್ತು ಬ್ಯಾಟಲ್‌ನೆಟ್ ಸುಲಭ, ಫೋಲ್ಡರ್ ಒಯ್ದು ಲಾಂಚರ್‌ಗೆ ಹೊಸ ಜಾಗ ತೋರಿಸಿದರೆ ಆಯಿತು. ವ್ಯಾಲರಂಟ್ ಅನ್ನು ಹೊತ್ತೊಯ್ಯುವ ಬದಲು ಅಳಿಸಿ ಹೊಸ ಡ್ರೈವ್‌ಗೆ ಮತ್ತೆ ಹಾಕಿಕೊಳ್ಳುವುದೇ ಲೇಸು. ಆಟದಲ್ಲಿ ಮೋಸ ತಡೆಯುವ ಅದರ ಕಾವಲು ಪ್ರೋಗ್ರಾಂ ವ್ಯಾನ್‌ಗಾರ್ಡ್ ಹೇಗಿದ್ದರೂ ಸಿ ಡ್ರೈವ್‌ನಲ್ಲೇ ಉಳಿಯುತ್ತದೆ, ಮೇಲಾಗಿ ವಿಂಡೋಸ್ 11ರಲ್ಲಿ ಸೆಕ್ಯೂರ್ ಬೂಟ್ ಮತ್ತು ಟಿಪಿಎಂ 2.0 ಎಂಬ ಸುರಕ್ಷತಾ ಸೌಲಭ್ಯಗಳು ಆನ್ ಇರಬೇಕು.

ಹಳೆಯ ಡಿ ಡ್ರೈವ್ ಪೂರ್ತಿ ಗೇಮ್‌ಗಳೇ ಆಗಿದ್ದರೆ ಇನ್ನೊಂದು ದಾರಿಯಿದೆ, ನಮಗೆ ಬಲು ಇಷ್ಟವಾದದ್ದು. ಎಲ್ಲವನ್ನೂ ಹೊಸ ಡ್ರೈವ್‌ಗೆ ಅದೇ ಫೋಲ್ಡರ್‌ಗಳ ಹೆಸರಿನಲ್ಲಿ ಕಾಪಿ ಮಾಡಿ. ಆಮೇಲೆ ವಿಂಡೋಸ್‌ನ ಡಿಸ್ಕ್ ಮ್ಯಾನೇಜ್‌ಮೆಂಟ್‌ನಲ್ಲಿ ಹಳೆಯ ಡ್ರೈವ್‌ನ ಅಕ್ಷರವನ್ನು ಡಿಯಿಂದ ಎಕ್ಸ್‌ಗೆ ಬದಲಿಸಿ, ಹೊಸದಕ್ಕೆ ಡಿ ಕೊಡಿ. ಸ್ಟೀಮ್, ಎಪಿಕ್, ಯೂಬಿಸಾಫ್ಟ್ ಎಲ್ಲವೂ ಹಿಂದಿನಂತೆಯೇ ತೆರೆದುಕೊಳ್ಳುತ್ತವೆ. ಎಕ್ಸ್‌ಬಾಕ್ಸ್ ಗೇಮ್‌ಗಳಿಗೆ ಮಾತ್ರ ಈ ಉಪಾಯ ನಂಬುವಂಥದ್ದಲ್ಲ. ಫೋಲ್ಡರನ್ನು ಕೈಯಿಂದ ಒಯ್ಯುವಾಗ ಎಂದೂ ಕಟ್ ಮಾಡಬೇಡಿ, ಕಾಪಿಯನ್ನೇ ಮಾಡಿ. ಗೇಮ್‌ಗಳೆಲ್ಲ ಒಮ್ಮೆ ಓಡಿದ ಮೇಲೆ ಹಳೆಯದನ್ನು ಅಳಿಸಿದರಾಯಿತು. ಡ್ರೈವ್ ಅಂಚಿನವರೆಗೆ ತುಂಬಿಸಬೇಡಿ, ಶೇ 10ರಿಂದ 15 ಖಾಲಿ ಬಿಡಿ. ಅಪ್‌ಡೇಟ್ ಬಂದಾಗ ಬಿಚ್ಚಿಕೊಳ್ಳಲು ಗೇಮ್‌ಗೆ ಜಾಗ ಬೇಕು.

ಸೇವ್ ಫೈಲ್ ಬಗ್ಗೆ ಒಂದು ಎಚ್ಚರಿಕೆ, ಇದನ್ನು ಮನೆಯ ಮಕ್ಕಳಿಗೂ ಓದಿ ಹೇಳಿ. ಎಷ್ಟೋ ಗೇಮ್‌ಗಳ ಸೇವ್ ಫೈಲ್, ಅಂದರೆ ಎಲ್ಲಿಯವರೆಗೆ ಆಡಿದ್ದೀರಿ ಎಂಬ ದಾಖಲೆ, ಆ ಗೇಮ್‌ನ ಫೋಲ್ಡರ್‌ನಲ್ಲಿ ಇರುವುದಿಲ್ಲ. ಸಿ ಡ್ರೈವ್‌ನ ಡಾಕ್ಯುಮೆಂಟ್ಸ್, ಸೇವ್ಡ್ ಗೇಮ್ಸ್ ಅಥವಾ ಆ್ಯಪ್‌ಡೇಟಾ ಒಳಗೆ ಕೂತಿರುತ್ತದೆ. ಗೇಮ್ ಡ್ರೈವ್ ಬದಲಿಸಿದರೆ ಅದಕ್ಕೆ ಏನೂ ಆಗದು, ಆದರೆ ಸಿ ಫಾರ್ಮ್ಯಾಟ್ ಮಾಡಿಸಿದರೆ ಹೋಯಿತು. ಕ್ಲೌಡ್ ಸೇವ್ ಎಲ್ಲ ಗೇಮ್‌ಗಳಿಗೂ ಇಲ್ಲ. ನಮ್ಮಲ್ಲಿ ಫಾರ್ಮ್ಯಾಟ್‌ಗೆ ಬಂದ ಮೆಷಿನ್‌ನ ಈ ಮೂರೂ ಜಾಗಗಳನ್ನು ಎತ್ತಿಟ್ಟುಕೊಂಡೇ ಮುಂದುವರಿಯುತ್ತೇವೆ. ಇದು ಉಚಿತ, ಎಂದೆಂದಿಗೂ ಉಚಿತ. ನೂರು ಗಂಟೆ ಆಡಿದ ಮಗುವಿನ ಸೇವ್ ಕಳೆದುಹೋಗುವುದು ನಮಗೆ ಸಣ್ಣ ವಿಷಯವಲ್ಲ.

ಎರಡು ಕೆಲಸಗಳನ್ನು ದುಡ್ಡು ಕೊಟ್ಟರೂ ಮಾಡುವುದಿಲ್ಲ. ಕ್ರ್ಯಾಕ್ ಮಾಡಿದ ಗೇಮ್‌ಗಳನ್ನು ನಮ್ಮ ಟೇಬಲ್ ಮೇಲೆ ಸಾಗಿಸುವುದಿಲ್ಲ. ಅವು ವೈರಸ್ ಹೊತ್ತು ತಂದರೆ ಪಕ್ಕದ ಗ್ರಾಹಕರ ಡ್ರೈವ್‌ಗೂ ಅಪಾಯ. ಹಾಗೆಯೇ ನಿಮ್ಮ ಪಾಸ್‌ವರ್ಡ್ ಕೇಳುವುದಿಲ್ಲ, ಚೀಟಿಯಲ್ಲಿ ಬರೆದುಕೊಟ್ಟರೂ ತೆಗೆದುಕೊಳ್ಳುವುದಿಲ್ಲ. ಮೆಷಿನ್ ಕೊಡುವಾಗ ನೀವೇ ಕೂತು ಲಾಗಿನ್ ಮಾಡಿ, ಸ್ಟೀಮ್ ಗಾರ್ಡ್ ಕೋಡ್ ನಿಮ್ಮ ಫೋನಿಗೇ ಬರುತ್ತದೆ.

ತರುವಾಗ ಲ್ಯಾಪ್‌ಟಾಪ್‌ನ ಚಾರ್ಜರ್ ಜೊತೆಗಿರಲಿ. ವಿಂಡೋಸ್ 11 ಲ್ಯಾಪ್‌ಟಾಪ್ ಆದರೆ ಡ್ರೈವ್‌ಗೆ ಬೀಗ ಹಾಕುವ ಬಿಟ್‌ಲಾಕರ್‌ನ 48 ಅಂಕಿಯ ರಿಕವರಿ ಕೀಯನ್ನು ನಿಮ್ಮ ಮೈಕ್ರೋಸಾಫ್ಟ್ ಖಾತೆಯಿಂದ ಮೊದಲೇ ಬರೆದಿಟ್ಟುಕೊಳ್ಳಿ. ನೀವು ಆನ್ ಮಾಡದಿದ್ದರೂ ಎಷ್ಟೋ ಮೆಷಿನ್‌ಗಳಲ್ಲಿ ಅದು ತಾನೇ ಆನ್ ಆಗಿರುತ್ತದೆ, ಬಯೋಸ್ (ಮೆಷಿನ್ ಶುರುವಾಗುವಾಗಿನ ಮೂಲ ಸೆಟ್ಟಿಂಗ್) ಮುಟ್ಟಿದೊಡನೆ ಕೀ ಕೇಳಬಹುದು. ಯಾವ ಗೇಮ್ ಬೇಕು, ಯಾವುದು ಬೇಡ ಎಂದು ಒಂದು ಹಾಳೆಯಲ್ಲಿ ಬರೆದು ತನ್ನಿ. ಬೇಡದ್ದನ್ನು ಬಿಟ್ಟರೆ ಎಷ್ಟೋ ಸಲ 500 ರೂಪಾಯಿಯ ಕೆಲಸ 300ಕ್ಕೆ ಇಳಿಯುತ್ತದೆ, ನಾವೇ ಹಾಗೆ ಬಿಲ್ ಮಾಡುತ್ತೇವೆ. ಈ ತಿಂಗಳು ಮುಗಿಯುವುದರೊಳಗೆ ಡ್ರೈವ್‌ಗೆ ಮುಂಗಡ ಕೊಟ್ಟವರಿಗೆ ಹಳೆಯ ಮಾತೇ ನಡೆಯುತ್ತದೆ, ಡ್ರೈವ್ ಬರುವುದು ತಡವಾದರೂ ಅವರ ಗೇಮ್ ಶಿಫ್ಟಿಂಗ್‌ಗೆ ದುಡ್ಡಿಲ್ಲ. ಮುಂಗಡದ ರಸೀದಿ ತನ್ನಿ, ಕಳೆದುಹೋಗಿದ್ದರೆ ಹೆಸರು ಹೇಳಿ, ಪುಸ್ತಕದಲ್ಲಿದೆ.

ಇಂತಿ ನಿಮ್ಮ ವಿಶ್ವಾಸಿಗಳು,
ಅಂಗಡಿಯ ಮಾಲೀಕರು ಮತ್ತು ಸರ್ವಿಸ್ ವಿಭಾಗದವರು