ತಕರಾರು 87 ಸಾವಿರದ್ದು, ತಡೆಹಿಡಿದದ್ದು 4.35 ಲಕ್ಷ

ಮಾನ್ಯ ಸಂಪಾದಕರೇ,

ಮಂಗಳೂರು, ಉಡುಪಿ ಕಡೆಯ ಅನುದಾನರಹಿತ ಶಾಲೆ, ಗೇರುಬೀಜ ಕಾರ್ಖಾನೆ, ಖಾಸಗಿ ಆಸ್ಪತ್ರೆಗಳಿಂದ ನಿವೃತ್ತರಾಗುವವರಿಗೆ ಹೊಸದಲ್ಲದ ಮಾತೊಂದಿದೆ: ‘ಸಂಬಳದ ತಕರಾರು ಮೊದಲು ಮುಗಿಯಲಿ, ಗ್ರಾಚ್ಯುಟಿ ಆಮೇಲೆ ನೋಡುವ.’ (ಗ್ರಾಚ್ಯುಟಿ ಎಂದರೆ ದೀರ್ಘ ಸೇವೆಗಾಗಿ ಕೆಲಸ ಬಿಡುವಾಗ ಮಾಲೀಕರು ಕೊಡಬೇಕಾದ ಇಡುಗಂಟು.) ತುಟ್ಟಿಭತ್ಯೆ ಬಾಕಿಗೆ ಅರ್ಜಿ ಹಾಕಿದ್ದರೆ ಅದನ್ನು ಹಿಂದೆಗೆದು, ‘ಇನ್ನೇನೂ ಬರಲಿಕ್ಕಿಲ್ಲ’ ಎಂದು ಸಹಿ ಮಾಡಿದ ಮೇಲೆಯೇ ಚೆಕ್. ಇನ್ನು ಕೆಲವೆಡೆ ‘ಹಿಂದೆ ಇನ್‌ಕ್ರಿಮೆಂಟ್ ಹೆಚ್ಚು ಹೋಗಿದೆ, ಮುರಿದುಕೊಳ್ಳುತ್ತೇವೆ’ ಎನ್ನುತ್ತಾರೆ. ಎರಡಕ್ಕೂ ಕಾನೂನಿನ ಬೆಂಬಲವಿಲ್ಲ.

ಲೆಕ್ಕ ಹಾಕಿ ನೋಡೋಣ. ಗ್ರಾಚ್ಯುಟಿ ಎಂದರೆ ಪ್ರತಿ ವರ್ಷದ ಸೇವೆಗೆ 15 ದಿನದ ಸಂಬಳ. ಕೊನೆಯ ತಿಂಗಳ ಮೂಲವೇತನ ಮತ್ತು ತುಟ್ಟಿಭತ್ಯೆ ಸೇರಿ 26,000 ರೂಪಾಯಿ, ಸೇವೆ 28 ವರ್ಷ 7 ತಿಂಗಳು ಎಂದಿಟ್ಟುಕೊಳ್ಳಿ. ಆರು ತಿಂಗಳು ದಾಟಿದ್ದರಿಂದ 29 ವರ್ಷ. 26,000ವನ್ನು 26ರಿಂದ ಭಾಗಿಸಿ 15ರಿಂದ ಗುಣಿಸಿದರೆ 15,000. ಅದರ 29 ಪಟ್ಟು 4,35,000. ನೌಕರರ ವಾದದಂತೆ ಸಂಬಳ 31,200 ಆಗಬೇಕಿತ್ತು ಎಂದಾದರೆ 5,22,000. ಜಗಳವಿರುವುದು 87,000ಕ್ಕೆ ಮಾತ್ರ. ಉಳಿದ 4,35,000 ಕೊಡಬೇಕೆಂದು ಆಡಳಿತ ಮಂಡಳಿಯ ಲೆಕ್ಕವೇ ಹೇಳುತ್ತದೆ. ಅಂದಮೇಲೆ ಅದನ್ನೂ ಯಾಕೆ ಹಿಡಿದಿಟ್ಟುಕೊಳ್ಳಬೇಕು?

(26ರ ಬದಲು 30ರಿಂದ ಭಾಗಿಸುವ ಗುಮಾಸ್ತರೂ ಇದ್ದಾರೆ. ಇದೇ ಉದಾಹರಣೆಯಲ್ಲಿ 58,000 ಅಲ್ಲಿಯೇ ಮಾಯ. ತಿಂಗಳಲ್ಲಿ ವಾರಕ್ಕೊಂದರಂತೆ ನಾಲ್ಕು ರಜಾದಿನ ಕಳೆದು ಕೆಲಸದ ದಿನ 26 ಎಂಬುದು ಕಾಯ್ದೆಯ ಲೆಕ್ಕ. ತುಂಡು ಲೆಕ್ಕದಲ್ಲಿ ಕೂಲಿ ಪಡೆಯುವವರಿಗೆ ಕೊನೆಯ ಮೂರು ತಿಂಗಳ ಸರಾಸರಿ ಹಿಡಿಯಬೇಕು.)

1972ರ ಗ್ರಾಚ್ಯುಟಿ ಪಾವತಿ ಕಾಯ್ದೆ 2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆಯೊಳಗೆ ಸೇರಿದೆ. ಆದರೂ ಮುಖ್ಯ ಮಾತು ಬದಲಾಗಿಲ್ಲ: ಹಣ 30 ದಿನದೊಳಗೆ ಕೈಸೇರಬೇಕು. ಮೊತ್ತದ ಬಗ್ಗೆ ತಕರಾರಿದ್ದರೆ, ಮಾಲೀಕರು ತಾವು ಒಪ್ಪುವ ಮೊತ್ತವನ್ನು ಕಾರ್ಮಿಕ ಇಲಾಖೆಯ ಪ್ರಾಧಿಕಾರಿಯ ಬಳಿ ಠೇವಣಿ ಇಡಲೇಬೇಕು. ಈ ಠೇವಣಿಯ ನಿಯಮ ಬಹಳ ಮಂದಿಗೆ ಗೊತ್ತೇ ಇಲ್ಲ. ಗೊತ್ತಿದ್ದ ಮಾಲೀಕರು ಬಾಯಿಬಿಡುವುದಿಲ್ಲ.

ತಡವಾದರೆ ಬಡ್ಡಿ. ಹಳೆಯ ಕಾಯ್ದೆಯಡಿ ನಡೆದು ಬಂದ ದರ ಶೇ 10, ಸರಳ ಬಡ್ಡಿ. 4,35,000ಕ್ಕೆ ವರ್ಷಕ್ಕೆ 43,500. ಎರಡು ವರ್ಷ ಎಳೆದಾಡಿದರೆ ಬಡ್ಡಿಯೇ 87,000 ಆಗುತ್ತದೆ, ಅಂದರೆ ಯಾವುದನ್ನು ಉಳಿಸಲು ಹೊರಟರೋ ಅಷ್ಟೇ. ಬಡ್ಡಿ ಕೊಡುವುದು ಮಾಲೀಕರ ಮರ್ಜಿಯಲ್ಲ ಎಂದು ಕರ್ನಾಟಕದ್ದೇ ಒಂದು ನಿಗಮದ ಪ್ರಕರಣದಲ್ಲಿ 2003ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ತಪ್ಪು ನೌಕರನದಾಗಿದ್ದು, ಪ್ರಾಧಿಕಾರಿಯ ಲಿಖಿತ ಅನುಮತಿಯೂ ಇದ್ದರೆ ಮಾತ್ರ ವಿನಾಯಿತಿ.

ಗ್ರಾಚ್ಯುಟಿ ಮುಟ್ಟುಗೋಲಿಗೂ ಕಾರಣಗಳು ಬೆರಳೆಣಿಕೆಯವು: ಉದ್ದೇಶಪೂರ್ವಕವಾಗಿ ಅಥವಾ ನಿರ್ಲಕ್ಷ್ಯದಿಂದ ಸಂಸ್ಥೆಗೆ ನಷ್ಟ ಮಾಡಿದ್ದು (ಆ ನಷ್ಟದಷ್ಟು ಮಾತ್ರ), ಹಿಂಸೆ ಅಥವಾ ದೊಂಬಿ, ಕೆಲಸದ ವೇಳೆಯ ನೈತಿಕ ಅಧಃಪತನದ ಅಪರಾಧ. ಅದೂ ಅಂಥ ಕಾರಣಕ್ಕೆ ಕೆಲಸದಿಂದ ವಜಾ ಮಾಡಿದ್ದರೆ ಮಾತ್ರ. ಸಂಬಳ ಹೆಚ್ಚು ಕೇಳಿದ್ದು ಆ ಪಟ್ಟಿಯಲ್ಲಿಲ್ಲ. ಕಂಪೆನಿಯ ಕ್ವಾರ್ಟರ್ಸ್ ಬಿಡದೆ ಕುಳಿತವರ ವಿಷಯ ಬೇರೆ. ಅಲ್ಲಿ ಬಾಡಿಗೆ ಮುರಿದುಕೊಳ್ಳಲು ಕೋರ್ಟುಗಳು ಒಪ್ಪಿದ್ದುಂಟು.

‘ಶಿಕ್ಷಕರಿಗೆ ಗ್ರಾಚ್ಯುಟಿ ಇಲ್ಲ’ ಎನ್ನುವ ಸಂಸ್ಥೆಗಳು ಇನ್ನೂ ಇದ್ದರೆ ಅವು 2022ರ ಆಗಸ್ಟ್ 29ರ ಸುಪ್ರೀಂ ಕೋರ್ಟ್ ತೀರ್ಪು ಓದಿಕೊಳ್ಳಲಿ. 1997ರ ಏಪ್ರಿಲ್ 3ರಿಂದಲೇ ಆ ಹಕ್ಕು ಅನ್ವಯವಾಗುತ್ತದೆ.

ನಿವೃತ್ತರು ಮಾಡಬೇಕಾದ್ದು: ಕೊನೆಯ ಸಂಬಳ ಚೀಟಿ, ನೇಮಕಾತಿ ಪತ್ರ, ಪಿಎಫ್ ಪಾಸ್‌ಬುಕ್ ಪ್ರತಿಯೊಂದಿಗೆ ಮಾಲೀಕರಿಗೆ ಲಿಖಿತ ಅರ್ಜಿ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ, ರಶೀದಿ ಇಟ್ಟುಕೊಳ್ಳಿ. ಉತ್ತರವಿಲ್ಲದಿದ್ದರೆ ಕಾರ್ಮಿಕ ಇಲಾಖೆಗೆ. ಬ್ಯಾಂಕು, ಬಂದರಿನಂಥ ಕಡೆ ದುಡಿದವರು ಕೇಂದ್ರದ ಕಾರ್ಮಿಕ ಅಧಿಕಾರಿಗಳ ಬಳಿಗೆ. ಹಳೆಯ ನಿಯಮದಲ್ಲಿ ಇದಕ್ಕೆ 90 ದಿನದ ಗಡುವಿತ್ತು, ಆದ್ದರಿಂದ ‘ಕರೆಯುತ್ತಾರೆ’ ಎಂದು ಕಾಯುತ್ತ ಕೂರಬೇಡಿ. ಚೆಕ್ ಕೊಟ್ಟು ಸಹಿ ಕೇಳಿದರೆ, ‘ಬಾಕಿ ಹಕ್ಕು ಕಾಯ್ದಿರಿಸಿಕೊಂಡು ಪಡೆದಿದ್ದೇನೆ’ ಎಂದು ಸ್ವಂತ ಕೈಬರಹದಲ್ಲಿ ಸೇರಿಸಿ. ಸಂಬಳದ ಬಾಕಿಯ ಅರ್ಜಿ ಬೇರೆಯೇ ನಡೆಯಲಿ.

ಪಿಎಫ್‌ಗೆ ಮಾಲೀಕರ ಕೈಕಾಲು ಹಿಡಿಯುವ ಅಗತ್ಯವಿಲ್ಲ. ಕೆಲಸ ಬಿಟ್ಟ ದಿನಾಂಕವನ್ನು ಅವರು ನಮೂದಿಸದಿದ್ದರೆ, ಕೊನೆಯ ವಂತಿಗೆಯಾಗಿ ಎರಡು ತಿಂಗಳ ನಂತರ ಆಧಾರ್ ಒಟಿಪಿ ಮೂಲಕ ನೀವೇ ಯುಎಎನ್ (ಪಿಎಫ್ ಸದಸ್ಯರ ಗುರುತು ಸಂಖ್ಯೆ) ಪೋರ್ಟಲ್‌ನಲ್ಲಿ ನಮೂದಿಸಬಹುದು. ಆಧಾರ್, ಬ್ಯಾಂಕ್ ಖಾತೆ ಜೋಡಣೆಯಾಗಿದ್ದರೆ ಹಣಕ್ಕೆ ಅವರ ಸಹಿ ಬೇಡ. ಹೆಸರಿನ ಅಕ್ಷರ ವ್ಯತ್ಯಾಸವಿದ್ದರೆ ನಿವೃತ್ತಿಗೆ ಮೊದಲೇ ಸರಿಪಡಿಸಿಕೊಳ್ಳಿ. ಇನಿಶಿಯಲ್ ಒಂದೆಡೆ ಹಿಂದೆ, ಇನ್ನೊಂದೆಡೆ ಮುಂದೆ ಇದ್ದರೂ ಅರ್ಜಿ ತಿರಸ್ಕಾರವಾಗುವುದುಂಟು.

‘ದುಡ್ಡಿಲ್ಲ’ ಎನ್ನುವವರಿಗೆ ಇನ್ನೊಂದು ಪ್ರಶ್ನೆ: ಮಾಲೀಕರು ಗ್ರಾಚ್ಯುಟಿಗೆ ವಿಮೆ ಮಾಡಿಸಬೇಕೆಂದು ರಾಜ್ಯ ಸರ್ಕಾರ 2024ರ ಜನವರಿಯಲ್ಲೇ ನಿಯಮ ತಂದಿತ್ತಲ್ಲ, ನಿಮ್ಮ ಪಾಲಿಸಿ ಎಲ್ಲಿದೆ?

ಒಪ್ಪಿದ ಮೊತ್ತವನ್ನು ಮೊದಲ ವಿಚಾರಣೆಯ ದಿನವೇ ಠೇವಣಿ ಇಡಿಸುವುದನ್ನು ನಮ್ಮ ಎರಡೂ ಜಿಲ್ಲೆಗಳ ಕಾರ್ಮಿಕ ಅಧಿಕಾರಿಗಳು ರೂಢಿಗೆ ತರಬೇಕು. ಅರ್ಜಿದಾರರೂ ಅದನ್ನು ಅರ್ಜಿಯ ಕೊನೆಯಲ್ಲಿ ಪ್ರತ್ಯೇಕ ಸಾಲಾಗಿ ಬರೆದು ಕೇಳಲಿ.

ಇತಿ,
ಕಾರ್ಮಿಕ ಕಾನೂನು ಸಲಹೆಗಾರರು, ಉಡುಪಿ